ಚಿಕ್ಕಪ್ಪನ ಕಲರ್ ಟೆಸ್ಟ್

ನಮ್ಮ ಚಿಕ್ಕಪ್ಪನಿಗೆ ಬಣ್ಣ ಕಾಣುವುದಿಲ್ಲ ಎಂದರೆ ನೀವು ಮರುಗಬೇಕಾಗಿಲ್ಲ. ಅವರದು ಹದ್ದಿನ ಕಣ್ಣು! ಇಪ್ಪತ್ತು ವರ್ಷ ಬೊಂಬಾಯಿಯ ಸ್ಟುಡಿಯೋಗಳಲ್ಲಿ ಕಪ್ಪು-ಬಿಳುಪು ಸಿನಿಮಾಗಳಿಗೆ ಕ್ಯಾಮೆರಾ ಹಿಡಿದವರು. ಕೊರಳಲ್ಲಿ ತಾಳಿಯಂತೆ ಸದಾ ಒಂದು ಕಂದು ಗಾಜು. ಅದರೊಳಗಿಂದ ನೋಡಿದರೆ ಬಣ್ಣಗಳು ಅಳಿದು, ಫಿಲ್ಮಿನಲ್ಲಿ ಯಾವುದು ಎಷ್ಟು ಬೂದಾಗಿ ಬರುತ್ತದೆಂದು ತಿಳಿಯುತ್ತದಂತೆ. ಅದನ್ನು ಸ್ಟುಡಿಯೋದಲ್ಲೇ ಬಿಟ್ಟು ಬರಬಾರದಿತ್ತೇ?

ಮಲಾಡ್ ಮಾರ್ಕೆಟ್ಟಿಗೆ ಹೋದವರು ಅದರಲ್ಲೇ ನೋಡಿ ಎರಡು ಕಿಲೋ ಟೊಮೆಟೊ ತಂದರು. ಎಲ್ಲ ಹಸಿರು!

"ಹಣ್ಣು ತನ್ನಿ ಅಂದ್ರೆ ಕಾಯಿ ತಂದಿದ್ದೀರಲ್ಲ!" ಎಂದರು ಚಿಕ್ಕಮ್ಮ.

"ಎರಡೂ ಒಂದೇ ಬೂದು, ಮಾರಾಯ್ತಿ!"

ನಾನು ಅವರ ಮನೆಯಲ್ಲಿದ್ದು ಎಂ.ಎ. ಓದುತ್ತಿದ್ದಾಗ ಭಾಂಡುಪಿನಿಂದ ಒಬ್ಬ ವರ ನನ್ನನ್ನು ನೋಡಲು ಬಂದ. ಚಿಕ್ಕಪ್ಪ ಅವನ ಕುರ್ಚಿಯನ್ನು ನಾಲ್ಕು ಸಲ ಸರಿಸಿ, ಗಾಜು ಹಿಡಿದು, "ಮೂಗಿನ ನೆರಳು ಮೀಸೆ ಮೇಲೆ ಬೀಳ್ತದೆ" ಎಂದು ತೀರ್ಪಿತ್ತರು. ಆ ಮನೆಯವರು ಮತ್ತೆ ಬರಲಿಲ್ಲ. ನನಗೇನೂ ಬೇಸರವಾಗಲಿಲ್ಲ, ಆದರೆ ಅದನ್ನು ಯಾರಿಗೂ ಹೇಳಿಲ್ಲ.

ಅಷ್ಟರಲ್ಲಿ ಎಲ್ಲ ನಿರ್ಮಾಪಕರಿಗೂ ಕಲರ್ ಬೇಕಾಯಿತು. ಚಿಕ್ಕಪ್ಪನನ್ನು ಕರೆಯುವವರಿಲ್ಲ, ಏಳು ತಿಂಗಳು ಮನೆಯಲ್ಲೇ ಕೂತರು. ಕೊನೆಗೆ ಹಳೆಯ ನಿರ್ಮಾಪಕರೊಬ್ಬರು, "ದಾದಾ, ಒಂದು ಕಲರ್ ಟೆಸ್ಟ್ ತೆಗೆದು ತೋರಿಸಿ. ಸರಿಬಂದರೆ ಪಿಕ್ಚರ್ ನಿಮ್ಮದು, ಇಲ್ಲವಾದರೆ ಬೇರೆಯವರನ್ನು ನೋಡ್ತೇನೆ" ಎಂದರು.

ಟೆಸ್ಟಿನ ದಿನ ಹೀರೋಯಿನ್ ಕೈಕೊಟ್ಟಳು. ಪಕ್ಕದ ಮನೆಯ ಫೋನಿಗೆ ಚಿಕ್ಕಪ್ಪನ ಕೂಗು: "ಚಿಕ್ಕಮ್ಮನನ್ನು ಟ್ಯಾಕ್ಸಿಗೆ ಹತ್ತಿಸಿ ಕರ್ಕೊಂಡು ಬಾ! ಒಳ್ಳೆ ಸೀರೆ ಉಡ್ಲಿ!"

ಒಳ್ಳೆ ಸೀರೆ ಎಂದರೆ ಚಿಕ್ಕಪ್ಪನೇ ದಾದರಿನಲ್ಲಿ ಗಾಜು ಹಿಡಿದು ಆರಿಸಿ ತಂದದ್ದು. ಗಿಳಿಹಸಿರು ಒಡಲು, ನೇರಳೆ ಅಂಚು, ಕಿತ್ತಳೆ ಸೆರಗು! ಮೂರೂ ಬೇರೆಬೇರೆ ಬೂದು ಎಂಬುದೇ ಅದರ ಗುಣ. ಅವತ್ತೂ ಚಿಕ್ಕಪ್ಪ ಅದರ ಬಣ್ಣ ಗಮನಿಸಲಿಲ್ಲ. ಚಿಕ್ಕಮ್ಮನ ಮುಖಕ್ಕೆ ಬೆಳಕು ಹೊಂದಿಸುವುದರಲ್ಲೇ ಎರಡು ಗಂಟೆ ಕಳೆದರು.

"ನಗು ಸ್ವಲ್ಪ!"

"ಸೆಕೆಯಲ್ಲಿ ಎಂತ ನಗುದು?"

ವಾರದ ಮೇಲೆ ನಿರ್ಮಾಪಕರ ಬಳಗದ ಜೊತೆ ನಾವು ಮೂವರೂ ಟೆಸ್ಟ್ ನೋಡಲು ಕೂತಾಗ, ತೆರೆಯ ಮೇಲೆ ಚಿಕ್ಕಮ್ಮ ಮೂಡಿದರು. ಮೊದಲು ಸೀರೆಯೇ ಕಂಡಿತು. ಕತ್ತಲಲ್ಲಿ ಯಾರೋ ಕಿಸಕ್ಕೆಂದರು. ಆಮೇಲೆ ಎಲ್ಲರೂ ನಕ್ಕರು. ಏಳು ತಿಂಗಳು ಕಾದ ಪಿಕ್ಚರ್ ಹೋಯಿತಲ್ಲ!

ದೀಪ ಹಾಕಿದಾಗ ನಿರ್ಮಾಪಕರು ನಕ್ಕು ನಕ್ಕು ಕಣ್ಣೊರೆಸಿಕೊಳ್ಳುತ್ತಿದ್ದರು. "ಕ್ಯಾ ಸಾಡಿ ಹೈ, ದಾದಾ! ಆದರೆ ಮುಖ! ನಮ್ಮ ಹೀರೋಯಿನ್‌ಗೂ ಹೀಗೇ ಲೈಟ್ ಮಾಡಿ. ಪಿಕ್ಚರ್ ನಿಮ್ಮದೇ."

ಎಲ್ಲರೂ ಕೈಕುಲುಕಲು ಬಂದರು. ಚಿಕ್ಕಪ್ಪ ಎದ್ದೇಳಲಿಲ್ಲ. ಪಕ್ಕದಲ್ಲಿದ್ದ ಚಿಕ್ಕಮ್ಮನನ್ನು ಮೆಲ್ಲಗೆ ಕೇಳಿದರು: "ಆ ಸೀರೆ ಉಟ್ಟು ಎಷ್ಟು ಮದುವೆಗೆ ಹೋದೆ ನೀನು! ಒಂದು ಮಾತು ಹೇಳಬಾರದಿತ್ತಾ?"

"ತಂದು ಕೊಡುವಾಗ ನಿಮ್ಮ ಮುಖ ನೋಡಿದ್ದೆನಲ್ಲ," ಎಂದರು ಚಿಕ್ಕಮ್ಮ. "ಹೇಗೆ ಹೇಳುದು?"