ಅನಿಲೀನ ಎಂಬ ಹೆಸರಿಟ್ಟ ಪ್ರಸಂಗ

ಹೆಸರಿಡುವ ವಿದ್ಯೆಯಲ್ಲಿ ನನ್ನನ್ನು ಮೀರಿಸುವವರು ಕೆ.ಆರ್. ಪೇಟೆ ತಾಲ್ಲೂಕಿನಲ್ಲೇ ಇಲ್ಲ ಎಂದು ಮೊನ್ನೆಮೊನ್ನೆಯವರೆಗೂ ನಾನು ನಂಬಿದ್ದೆ. ನಾನು ಓದಿದ್ದು ಮೈಸೂರಿನ ಕಾನ್ವೆಂಟಿನಲ್ಲಿ. ಪಾಂಡವಪುರದಲ್ಲಿ ರೈಲು ಹತ್ತಿದರೆ ಶ್ರೀರಂಗಪಟ್ಟಣದ ಸೇತುವೆ ಬರುವವರೆಗೆ ಕಿಟಕಿಗೆ ಹಣೆ ಒತ್ತಿ ಕೂತಿರುತ್ತಿದ್ದೆ. ಕೆಳಗೆ ಕಾವೇರಿ, ಮೇಲೆ ನಾನು, ನಡುವೆ ನನ್ನ ಡ್ರೀಮ್ಸ್! ಇಳಿಯಬೇಕಾದ ಸ್ಟೇಷನ್ ದಾಟಿ ಹೋಗಿದ್ದೂ ಉಂಟು. ಆ ಅಭ್ಯಾಸ ಇವತ್ತಿಗೂ ಬಿಟ್ಟಿಲ್ಲ ಎನ್ನುವುದಕ್ಕೆ ಈ ಪ್ರಸಂಗವೇ ಸಾಕ್ಷಿ.

ನನ್ನ ತಮ್ಮನ ಮಗ ಯೋಗೇಶ ಸಿಂಧಘಟ್ಟದಲ್ಲಿ ಎಮ್ಮೆ, ಹಸು ಕಟ್ಟಿಕೊಂಡು ಡೈರಿಗೆ ಹಾಲು ಹಾಕುತ್ತಾನೆ. ಅವನಿಗೆ ಹೆಣ್ಣುಮಗು ಆಯಿತು. ನಮ್ಮಲ್ಲಿ ತೊಟ್ಟಿಲ ಮಗುವಿನ ಕಿವಿಯಲ್ಲಿ ಮೂರು ಸಲ ಹೆಸರು ಉಸುರುವವಳು ಸೋದರತ್ತೆ. ಯೋಗೇಶನಿಗೆ ಅಕ್ಕತಂಗಿಯರಿಲ್ಲ. ಆದಕಾರಣ ಆ ಪದವಿ, ಬೈ ಡಿಫಾಲ್ಟ್, ಒಂದು ತಲೆಮಾರು ಹಿಂದೆ ಸರಿದು ಅವನ ಸೋದರತ್ತೆಯಾದ ನನ್ನ ಮುಡಿಗೇರಿತು.

ಅವನ ತಾಯಿ ಜಯಮ್ಮ, ಅಂದರೆ ನನ್ನ ತಮ್ಮನ ಹೆಂಡತಿ, ಅವತ್ತೇ ಫೋನು ಮಾಡಿದಳು.

"ಅತ್ಗೆ, ನಮ್ಮತ್ತೆ ಎಸ್ರೇ ಇಟ್ಬುಡಿ. ನೀಲಮ್ಮ. ಕರ್ಯಕ್ಕೆ ನೀಲಿ."

"ನೀಲಮ್ಮನಾ? ಈ ಕಾಲದಲ್ಲಿ? ಜಯಾ, ಬಿ ಪ್ರಾಕ್ಟಿಕಲ್!"

"ಅದೆಂತದೋ ನಂಗೊತ್ತಿಲ್ಲ ಕಣತ್ಗೆ. ಇಪ್ಪತ್ತು ವರ್ಸ ಅವ್ರ ಕೈಕೆಳ್ಗೆ ಬಾಳ್ದೆ. ಸೊಸೆ ಅಂತ ಒಂದಿನಾನೂ ಅವ್ರ ಎಸ್ರ ಬಾಯ್ಬುಟ್ಟು ಏಳಂಗಿರ್ಲಿಲ್ಲ. ಈಗ್ಲಾರೂ ಬಾಯ್ತುಂಬ ಕರೀಬೇಕು ಅಂತ ಆಸೆ. ಅಷ್ಟೇಯ."

ಅವಳು ಹೇಳುತ್ತಿದ್ದದ್ದು ನನ್ನ ತಾಯಿಯ ಹೆಸರನ್ನು. ನನಗೆ ಅವ್ವನ ಮೇಲೆ ಪ್ರೀತಿ ಇಲ್ಲವೆಂದಲ್ಲ. ನನ್ನ ಬಿಳಿ ಯೂನಿಫಾರ್ಮನ್ನು ಬಕೆಟ್ಟಿನ ನೀಲಿ ನೀರಿನಲ್ಲಿ ಅದ್ದಿ, ಹಿಂಡಿ, ಬೇಲಿಯ ಮೇಲೆ ಹರವುತ್ತಿದ್ದ ಅವ್ವ ಈಗಲೂ ನನ್ನ ಕನಸಿಗೆ ಬರುತ್ತಾಳೆ. ಆದರೆ ಕನಸು ಬೇರೆ, ಸ್ಕೂಲ್ ಅಡ್ಮಿಷನ್ ಬೇರೆ!

"ನಾನು ನೋಡ್ಕೋತೀನಿ ಬಿಡು," ಎಂದೆ. ನೋಡಿಕೊಂಡೆ ಕೂಡ!

ಒಂದು ಮಧ್ಯಾಹ್ನ ವರಾಂಡದ ಆರಾಮಕುರ್ಚಿಯಲ್ಲಿ ಕಣ್ಣು ಮುಚ್ಚಿ ಒರಗಿದ್ದೆ. ದೂರದಲ್ಲಿ ಕಬ್ಬಿನ ಗಾಡಿಯ ಸದ್ದು. ನಿದ್ದೆಯೂ ಅಲ್ಲದ, ಎಚ್ಚರವೂ ಅಲ್ಲದ ಆ ಹೊತ್ತಿನಲ್ಲಿ, ಕಪ್ಪು ಆಕಾಶದ ಮೇಲೆ ಬೆಳ್ಳಗೆ ಒಂದು ಹೆಸರು ತೇಲಿ ಬಂತು. ಇಂಗ್ಲಿಷ್ ಅಕ್ಷರಗಳಲ್ಲಿ. ದುಂಡನೆಯ ಕೈಬರಹದಲ್ಲಿ.

ಅನಿಲೀನ!

ಐ ಟೆಲ್ ಯು, ಮೈ ಜುಮ್ಮೆಂದಿತು. ಅನಿಲ ಎಂದರೆ ಗಾಳಿ. ಲೀನ ಎಂದರೆ ಒಂದಾಗಿ ಹೋದದ್ದು. ಗಾಳಿಯಲ್ಲಿ ಒಂದಾಗಿ ಹೋದವಳು! ಯಾವ ಜನ್ಮದ ಪುಣ್ಯವೋ, ಯಾವ ದೇವತೆಯ ಕೃಪೆಯೋ ಎಂದು ಕಣ್ಣಂಚು ಒರೆಸಿಕೊಂಡು ಒಳಗಿದ್ದ ಯಜಮಾನರನ್ನು ಕೂಗಿದೆ. ಸಕ್ಕರೆ ಕಾರ್ಖಾನೆಯಲ್ಲಿ ದುಡಿದು ನಿವೃತ್ತರಾದ ಮನುಷ್ಯ. ಸಿಹಿಯ ಜೊತೆಗೇ ಇದ್ದರೂ ಮಾತಿನಲ್ಲಿ ಅದರ ಅಂಶ ಕಡಿಮೆ.

"ಅನಿಲ ಅಂದ್ರೆ ಸಿಲಿಂಡ್ರಲ್ವೇನೆ?" ಎಂದರು.

"ಅದು ಅಡುಗೆ ಅನಿಲ ರೀ! ಇದು ಪೊಯೆಟಿಕ್ ಅನಿಲ. ಗಾಳಿಯಲ್ಲಿ ಲೀನವಾದವಳು ಅಂತ ಅರ್ಥ."

"ಗಾಳೀಲಿ ಲೀನ ಆಗೋದು ಸತ್ತೋದ್ಮೇಲೆ ಕಣೆ. ಉಟ್ಟಿದ್ ಮಗೀಗ್ಯಾಕೆ?"

ಸೌಂದರ್ಯಪ್ರಜ್ಞೆ ಎನ್ನುವುದು ವಾದದಿಂದ ಬರುವಂಥದ್ದಲ್ಲ.

ಕಿವಿಯಲ್ಲಿ ಉಸುರುವವರೆಗೆ ಹೆಸರು ಯಾರಿಗೂ ತಿಳಿಯಬಾರದು ಎಂಬುದು ನಮ್ಮ ಪದ್ಧತಿ. ಆದರೆ ಈಗಿನ ಪದ್ಧತಿ ಇನ್ನೊಂದಿದೆ. ಫ್ಲೆಕ್ಸ್ ಇಲ್ಲದೆ ನಮ್ಮ ಕಡೆ ಕರುವಿಗೂ ಹುಟ್ಟುಹಬ್ಬ ಮಾಡುವುದಿಲ್ಲ. ಎರಡನ್ನೂ ಉಳಿಸಲು ನಾನೊಂದು ಪ್ಲಾನ್ ಮಾಡಿದೆ. ಫ್ಲೆಕ್ಸನ್ನು ಮೊದಲೇ ಕಟ್ಟಿ ಅದರ ಮೇಲೆ ಸೀರೆ ಇಳಿಬಿಡುವುದು; ನಾನು ಹೆಸರು ಉಸುರುತ್ತಿದ್ದಂತೆ ಸೀರೆ ಎಳೆಯುವುದು. ವಾಟ್ ಎ ಮೊಮೆಂಟ್! ಕೆ.ಆರ್. ಪೇಟೆಯ ಫ್ಲೆಕ್ಸ್ ಅಂಗಡಿಗೆ ಯಜಮಾನರನ್ನೇ ಕಳಿಸಿದೆ. ಕಣ್ಣ ಮುಂದೆ ತೇಲಿದ ಇಂಗ್ಲಿಷ್ ಅಕ್ಷರಗಳನ್ನೇ ಚೀಟಿಯಲ್ಲಿ ಬರೆದುಕೊಟ್ಟೆ. ತಾಂಬೂಲದ ಚೀಲಗಳ ಮೇಲೂ ಅದನ್ನೇ ಅಚ್ಚು ಹಾಕಿಸಲು ಹೇಳಿದೆ.

ಸಂಜೆ ಸುರುಳಿ ಸುತ್ತಿದ ಫ್ಲೆಕ್ಸ್ ಹೊತ್ತು ಬಂದ ಯಜಮಾನರು ತಲೆ ಕೆರೆದುಕೊಂಡರು.

"ಅಂಗ್ಡಿಯವ್ನು ಎಸ್ರಿಗೆ ತಕ್ಕಂಗೆ ನೆಟ್ಟಲ್ಲಿ ಚಿತ್ರ ಉಡ್ಕಿ ಆಕವ್ನೆ. ಎಂಗೆಂಗೋ ಅಯ್ತೆ. ಆರು ಮೂಲೆದು ಏನೋ ಒಂದು, ಅದಕ್ಕೊಂದು ಬಾಲ. ಒಂದ್ಕಿತ ಬಿಚ್ಚಿ ನೋಡು."

"ಬಿಚ್ಚಬಾರದು! ಸರ್‌ಪ್ರೈಸ್! ಆರು ಮೂಲೆ ಅಂದ್ರೆ ಜೇನುಗೂಡಿರಬೇಕು. ಗಾಳಿ, ಹೂವು, ಜೇನು... ಆ ಹುಡುಗ ಆರ್ಟಿಸ್ಟ್ ರೀ!"

"ಮೂಲೇಲಿ ಒಂದು ತಲೆಬುರ್ಡೆನೂ ಅಯ್ತೆ ಕಣೆ."

"ದೃಷ್ಟಿಬೊಂಬೆ ಇರಬೇಕು ಬಿಡಿ. ಮಗು ಫಂಕ್ಷನ್ನಲ್ಲವೇ?"

ಇತಿಹಾಸದಲ್ಲಿ ಎಚ್ಚರಿಕೆಯ ಗಂಟೆಗಳನ್ನು ಕೇಳಿಸಿಕೊಳ್ಳದೆ ಹಾಳಾದ ರಾಜರ ಬಗ್ಗೆ ಓದಿದ್ದೇನೆ. ಅವರ ಬಗ್ಗೆ ಈಗ ನನಗೆ ಬಹಳ ಮರುಕವಿದೆ.

ನಾಮಕರಣದ ದಿನ ಸಿಂಧಘಟ್ಟದ ಮನೆಯಂಗಳ ತುಂಬಿತ್ತು. ತೊಟ್ಟಿಲಿಗೆ ಮಲ್ಲಿಗೆ ಸುತ್ತಿದ್ದರು. ಮಗು ಮುಷ್ಟಿ ಬಿಗಿದುಕೊಂಡು ನಿದ್ದೆ ಮಾಡುತ್ತಿತ್ತು. ಜಯಮ್ಮ ಹೊಸ ಸೀರೆಯಲ್ಲಿ ನನ್ನ ಪಕ್ಕಕ್ಕೇ ಅಂಟಿಕೊಂಡು ನಿಂತಿದ್ದಳು.

"ಅತ್ಗೆ, ನಾನೇಳಿದ್ದು ಗೆಪ್ತಿ ಅಯ್ತೆ ತಾನೆ?" ಎಂದು ಮೆಲ್ಲಗೆ ಕೇಳಿದಳು.

ನಾನು ರಹಸ್ಯವಾಗಿ ನಕ್ಕೆ. ಪಾಪ, ಅವಳು ಅದನ್ನು ಒಪ್ಪಿಗೆ ಎಂದುಕೊಂಡು ಸೆರಗಿನಿಂದ ಕಣ್ಣೊರೆಸಿಕೊಂಡಳು.

ತೊಟ್ಟಿಲಿಗೆ ಬಾಗಿದೆ. ಹಾಲಿನ, ಎಣ್ಣೆಯ, ಸಾಂಬ್ರಾಣಿಯ ವಾಸನೆ. ಲೋಕವೆಲ್ಲ ದೂರ ಸರಿದು, ನಾನು ಮತ್ತೆ ಆ ರೈಲಿನ ಕಿಟಕಿಯಲ್ಲಿ ಕೂತ ಹಾಗಾಯಿತು.

"ಅನಿಲೀನ," ಎಂದು ಉಸುರಿದೆ. ಮಗು ತುಟಿ ಚಪ್ಪರಿಸಿತು.

"ಅನಿಲೀನ," ಎಂದೆ ಎರಡನೆಯ ಸಲ. ಯಜಮಾನರು ಸೀರೆ ಎಳೆದುಬಿಟ್ಟರು! ಮೂರು ಸಲ ಆದಮೇಲೆ ಎಂದು ಹೇಳಿದ್ದೆ. ಕಾರ್ಖಾನೆಯ ಸೈರನ್ನಿಗೆ ಒಗ್ಗಿದವರು, ಕಾಯುವ ಮನುಷ್ಯರಲ್ಲ.

ಅಂಗಳದ ಕಣ್ಣೆಲ್ಲ ಫ್ಲೆಕ್ಸಿನ ಮೇಲೆ. ಆಮೇಲೆ ಹಿಂದಿನಿಂದ ಒಂದು ಗಂಡುಧ್ವನಿ:

"ಅಯ್ಯಯ್ಯೋ! ಯಾರಮ್ಮಾ ಇದನ್ನ ಬರೆಸಿದ್ದು?"

ಮಗುವಿನ ಸೋದರಮಾವ, ಯೋಗೇಶನ ಹೆಂಡತಿ ಸೌಮ್ಯಳ ಅಣ್ಣ ಪ್ರಕಾಶ. ನಾಗಮಂಗಲದ ಕಡೆ ಕಾಲೇಜೊಂದರಲ್ಲಿ ಕೆಮಿಸ್ಟ್ರಿ ಪಾಠ ಹೇಳುತ್ತಾನೆ. ಕೈಯಲ್ಲಿ ಮಗುವಿನ ಬೆಳ್ಳಿ ಉಡಿದಾರ ಹಿಡಿದು, ಬಾಯಿ ತೆರೆದು ನಿಂತಿದ್ದ.

"ನಾನೇಪ್ಪ. ಯಾಕೆ? ಚೆನ್ನಾಗಿಲ್ವಾ? ಜೇನುಗೂಡು, ದೃಷ್ಟಿಬೊಂಬೆ ಎಲ್ಲಾ ಇದೆಯಲ್ಲ!"

"ಅಮ್ಮಾ, ಇದು ಅನಿಲೀನ್! ಆರ್ಗ್ಯಾನಿಕ್ ಕಾಂಪೌಂಡು! ಅದು ಜೇನುಗೂಡಲ್ಲ, ಅದರ ಸ್ಟ್ರಕ್ಚರು!"

"ಆರ್ಗ್ಯಾನಿಕ್ಕಾ?" ಯೋಗೇಶನ ಮುಖ ಅರಳಿತು. "ಅಂಗಾರೆ ಒಳ್ಳೇದೇ ಅಲ್ವಾ ಬಾವ? ಆರ್ಗ್ಯಾನಿಕ್ ಬೆಲ್ಲಕ್ಕೆ ಜನ ಮುಗಿಬೀಳ್ತಾವ್ರೆ!"

"ಬೆಲ್ಲ ಅಲ್ಲ ಮಾರಾಯ! ಎಣ್ಣೆ ತರ ಇರುತ್ತೆ, ಕೊಳೆತ ಮೀನಿನ ವಾಸನೆ, ವಿಷ. ಆ ಬುರುಡೆ ದೃಷ್ಟಿಗಲ್ಲ, ಡೇಂಜರ್ ಗುರುತು!"

ಸೌಮ್ಯ ಮಗುವನ್ನು ತೊಟ್ಟಿಲಿನಿಂದ ಎತ್ತಿ ಎದೆಗೆ ಒತ್ತಿಕೊಂಡಳು. ನನ್ನಿಂದ ಎರಡು ಹೆಜ್ಜೆ ದೂರವೂ ಸರಿದಳು.

ಆ ಕ್ಷಣದಲ್ಲೇ ನನಗೆ ಎಲ್ಲವೂ ನೆನಪಾಯಿತು! ಆ ಕಪ್ಪು ಆಕಾಶ ಆಕಾಶವಾಗಿರಲಿಲ್ಲ, ಕಾನ್ವೆಂಟಿನ ಬ್ಲ್ಯಾಕ್‌ಬೋರ್ಡ್. ಆ ದುಂಡನೆಯ ಬರಹ ಸಿಸ್ಟರ್ ಕ್ಲಾರಾ ಅವರದು. ಊಟದ ನಂತರದ ಕೆಮಿಸ್ಟ್ರಿ ಪೀರಿಯಡ್, ಕಿಟಕಿಯಾಚೆ ಕೆಂಪು ಗುಲ್‌ಮೊಹರ್, ಗಲ್ಲಕ್ಕೆ ಕೈ ಕೊಟ್ಟು ಅರೆನಿದ್ದೆಯಲ್ಲಿ ತೇಲುತ್ತಿದ್ದ ನಾನು. "ಗರ್ಲ್ಸ್, ಅನಿಲೀನ್!" ಎಂದು ಅವರು ಹೇಳಿದ್ದು ಕೇಳಿಸಿತ್ತು. ಅದೇನೆಂದು ಮುಂದೆ ಹೇಳಿದ್ದು ಕೇಳಿಸಿರಲಿಲ್ಲ. ದೇವತೆಯ ಕೃಪೆ ಎಂದುಕೊಂಡದ್ದು ಸಿಲಬಸ್ ಆಗಿತ್ತು!

"ಅಲ್ಲಪ್ಪ ಪ್ರಕಾಶ," ಎಂದೆ, ಮುಳುಗುವವಳು ಕಡ್ಡಿ ಹುಡುಕುವಂತೆ. "ಅದರಿಂದ ಏನೂ ಉಪಯೋಗ ಇಲ್ವಾ?"

"ಇದೆಯಮ್ಮ. ರಬ್ಬರ್ ಕೆಲಸಕ್ಕೆ ಬೇಕು. ಬಣ್ಣ ಮಾಡೋಕಂತೂ ಬೇಕೇ ಬೇಕು."

"ಹೆಸರಿಗೆ ಅರ್ಥ? ಗಾಳಿಯಲ್ಲಿ ಲೀನ..."

"ಗಾಳಿಗೂ ಅದಕ್ಕೂ ಸಂಬಂಧ ಇಲ್ಲಮ್ಮ. ಮೊದಲು ಅದನ್ನ ಇಂಡಿಗೋ ಕಾಯಿಸಿ ತೆಗೆದರು, ಬಟ್ಟೆಗೆ ಹಾಕೋ ನೀಲಿ. ಪೋರ್ಚುಗೀಸರು ಆ ನೀಲಿಗೆ 'ಅನಿಲ್' ಅಂತಿದ್ರು. ಅವರಿಗೆ ಅರಬ್ಬರಿಂದ ಹೋದ ಮಾತು. ಅರಬ್ಬರಿಗೆ ನಮ್ಮ ದೇಶದಿಂದಲೇ ಹೋದದ್ದು. ಮೂಲ ಸಂಸ್ಕೃತ. ನೀಲಿ."

ಜಯಮ್ಮ ನಿಧಾನವಾಗಿ ಪ್ರಕಾಶನ ಕಡೆ ತಿರುಗಿದಳು.

"ಏನಂದ್ರಿ? ನೀಲಿನಾ?"

"ಹೂಂ, ನೀಲಿ," ಎಂದ ಪ್ರಕಾಶ.

"ಮತ್ತೆ ನಾನ್ ಮೊದ್ಲಿಂದ ಅದ್ನೇ ಬಡ್ಕಂಡೆ ಕಣತ್ಗೆ! ಅರಬ್ಬೀ ಸೀಮೆ ಎಲ್ಲಾ ಸುತ್ಕಂಡು ಬರ್ಬೇಕಿತ್ತಾ? ಇಲ್ಲೇ ನಮ್ಮ ಇತ್ಲಲ್ಲೇ ಇತ್ತಲ್ಲ!"

ಹೆಂಗಸರೆಲ್ಲ ಹೋ ಎಂದು ನಕ್ಕರು. ಯಜಮಾನರು ಎಳೆದ ಸೀರೆಯಲ್ಲೇ ಮುಖ ಮುಚ್ಚಿಕೊಂಡು ನಕ್ಕರು. ನಾನು ಮಾತ್ರ ಫ್ಲೆಕ್ಸ್ ನೋಡುತ್ತಾ ನಿಂತೆ. ಬಕೆಟ್ಟಿನ ತಿಳಿನೀಲಿ ನೀರು, ಅದರಲ್ಲಿ ಮುಳುಗಿದ ಬಿಳಿ ಯೂನಿಫಾರ್ಮು, ಬೆರಳ ಸಂದಿಯೆಲ್ಲ ನೀಲಿಯಾದ ಅವ್ವ. ಅವಳು ಅಷ್ಟು ಬೆಳ್ಳಗೆ ಮಾಡಿ ಕಳಿಸಿದ ಅಂಗಿ ತೊಟ್ಟುಕೊಂಡೇ ನಾನು ಆ ಪಾಠದಲ್ಲಿ ನಿದ್ದೆ ಹೊಡೆದಿದ್ದೆ!

ಮೂರನೆಯ ಸಲದ ಹೆಸರು ಇನ್ನೂ ಬಾಕಿ ಇತ್ತು. ಸೌಮ್ಯ ಅನುಮಾನದಿಂದಲೇ ಮಗುವನ್ನು ಮುಂದೆ ಹಿಡಿದಳು. ನಾನು ಜಯಮ್ಮನ ಕೈ ಹಿಡಿದು ಪಕ್ಕಕ್ಕೆ ಎಳೆದುಕೊಂಡೆ.

"ನೀನೇ ಹೇಳು."

"ನಾನಾ? ಸೋದರತ್ತೆ ಅಲ್ವಲ್ಲ ನಾನು!"

"ನಾನು ಹೇಳಿದ್ದು ಸಾಕಾಗಿದೆ. ಹೇಳು ಜಯಾ, ಬಾಯ್ತುಂಬ."

ಜಯಮ್ಮ ಬಾಗಿದಳು. ಕಿವಿಯಲ್ಲಿ ಉಸುರಬೇಕಾದದ್ದನ್ನು ಅವಳು ಊರ ಆಚೆ ತುದಿಯ ಕೆರೆ ಏರಿಗೆ ಕೇಳುವಂತೆ ಕೂಗಿದಳು: "ನೀಲೀ!"

ಮಗು ಬೆಚ್ಚಿ ಅತ್ತಿತು. ಜಯಮ್ಮನೂ ಅತ್ತಳು. ನನಗೂ ಧೂಳು ಬಿದ್ದಿತ್ತು, ಕಣ್ಣಿಗೆ.

ಈಗ ಸಿಂಧಘಟ್ಟದ ಆ ಮನೆಯಲ್ಲಿ ಬೆಳಗಿನಿಂದ ಸಂಜೆಯವರೆಗೆ "ನೀಲೀ, ನೀಲೀ" ಎಂಬ ಕೂಗು. ನಾನು ಅಚ್ಚು ಹಾಕಿಸಿದ ತಾಂಬೂಲದ ಚೀಲಗಳೂ ವ್ಯರ್ಥವಾಗಿಲ್ಲ. ಮೊನ್ನೆ ಕಿಕ್ಕೇರಿ ಸಂತೆಯಲ್ಲಿ ಒಬ್ಬಾಕೆ ಅನಿಲೀನಳನ್ನು ಹಿಡಿದುಕೊಂಡು ಬದನೆಕಾಯಿ ಚೌಕಾಸಿ ಮಾಡುತ್ತಿದ್ದಳು. ನಾನು ಬೇರೆ ಕಡೆ ನೋಡಿದೆ.

ಇನ್ನು ಆ ಫ್ಲೆಕ್ಸು. ಒಳ್ಳೆಯ ಗಟ್ಟಿ ಮಾಲು. ಯೋಗೇಶ ಅದನ್ನು ಕೊಟ್ಟಿಗೆಯ ಸೋರುವ ಮೂಲೆಗೆ ಕಟ್ಟಿದ್ದಾನೆ. ಅದರಡಿಯಲ್ಲಿ ಒಂದು ಮುದಿ ಎಮ್ಮೆ, ತಲೆಯ ಮೇಲೆ ಆರು ಮೂಲೆಯ ಚಿತ್ರ, ಪಕ್ಕದಲ್ಲಿ ಬುರುಡೆ, ಕನಸುಗಣ್ಣಿನಿಂದ ಮೆಲುಕು ಹಾಕುತ್ತಾ ನಿಂತಿರುತ್ತದೆ. ಮನೆಯವರೆಲ್ಲ ಅದನ್ನು ಕರೆಯುವುದು ಏನೆಂದು ನಾನು ಹೇಳಬೇಕಾಗಿಲ್ಲ. "ಅನಿಲೀನಾ, ಸರ್ಕೊಳ್ಳೆ!" ಎಂದರೆ ಕಿವಿ ಅಲುಗಿಸಿ ಓಗೊಡುತ್ತದೆ.

ಹೆಸರಿಗೆ ನಾನು ಹೇಳಿದ ಅರ್ಥವೂ ಸುಳ್ಳಾಗಲಿಲ್ಲ. ಗಾಳಿಯಲ್ಲಿ ಲೀನವಾಗುವುದು ಎಂದರೇನೆಂದು ಆ ಕೊಟ್ಟಿಗೆಯ ಬಳಿ ಒಮ್ಮೆ ಉಸಿರೆಳೆದವರಿಗೆಲ್ಲ ಗೊತ್ತು.