ಪರದೇಶಿ ಹುಳ

ತಮ್ಮಣ್ಣನ ಚಹದ ಬಶಿಯಲ್ಲಿ ಒಂದು ಜೇನುಹುಳ ಬಿದ್ದದ್ದೇ ಆ ದಿನದ ಅನಾಹುತಕ್ಕೆಲ್ಲ ಮೂಲ.

"ಪಾರಿಸಾ, ಏನೋ ಇದು? ಜೈನರ ಮನ್ಯಾಗ ಹುಳಾ ಹಾಕಿದ ಚಾ ಕೊಡ್ತೀರಿ?"

ತಮ್ಮಣ್ಣ ಪಕ್ಕದ ಮನೆಯವನು. ಸಾಂಗ್ಲಿ–ಮಿರಜ ರಸ್ತೆಯ ಆ ಗಲ್ಲಿಗೆಲ್ಲ ಕೇಬಲ್ ಟಿ.ವಿ. ಎಳೆದವನು. ಅವನ ಮಾಳಿಗೆಯ ಮೇಲೆ ಆಕಾಶಕ್ಕೆ ಬಾಯಿ ತೆರೆದು ಕೂತಿದ್ದ ದೊಡ್ಡ ಡಿಶ್ಶಿಗೆ ಗಲ್ಲಿಯವರು ಛತ್ರಿ ಎನ್ನುತ್ತಿದ್ದರು. ಛತ್ರಿ ಬಂದಾಗಿನಿಂದ ತಮ್ಮಣ್ಣನಿಗೆ ಜಗತ್ತಿನಲ್ಲಿ ತಿಳಿಯದ ಸಂಗತಿ ಇರಲಿಲ್ಲ. ಬೆಳಗಿನ ಚಹ ಮಾತ್ರ ಪಾರಿಸನ ಮನೆಯ ಕಟ್ಟೆಯ ಮೇಲೇ ಕುಡಿಯುತ್ತಿದ್ದ.

ಪಾರಿಸ ಹುಳವನ್ನು ಕಸಬರಿಗೆ ಕಡ್ಡಿಯಿಂದ ಎತ್ತಿ, ಅಂಗೈಯಲ್ಲಿ ಒಣಗಿಸಿ, ಭೂತಗನ್ನಡಿ ಹಿಡಿದ. ನಮ್ಮ ತುಡುವೆ ಜೇನಿಗೆ ಹಿಂದಿನ ರೆಕ್ಕೆಯ ತುದಿಯಲ್ಲಿ ಕೂದಲೆಳೆಯಂಥ ಒಂದು ನರ ಹೆಚ್ಚಿಗೆ ಇರುತ್ತದೆ. ಇದಕ್ಕೆ ಇರಲಿಲ್ಲ. ಮೈ ದೊಡ್ಡದು, ಹೊಟ್ಟೆ ಹಳದಿ. ಯುರೋಪಿನ ಜೇನು, ಅದರಲ್ಲೂ ಇಟಲಿಯ ಉಪಜಾತಿ.

"ಇದು ಇಟಲಿದ್ರಿ ಕಾಕಾ."

"ಹಾಂ! ದೇಶದ ಬಾಗಲಾ ತೆರದೇವಿ ಅಂತ ದಿಲ್ಲಿಯವರು ಅಂದಾಗನ ಅಂದಿದ್ದೆ. ಕೋಲಾ ಬಂತು, ಚಾನೆಲ್ ಬಂತು, ಈಗ ಹುಳಾನೂ ಬಂತು. ನಮ್ಮ ಹುಳಾ ಏನ್ ಮಾಡಬೇಕು? ವೀಆರೆಸ್ ತೊಗೋಬೇಕು?"

ಪಾರಿಸ ನಗಲಿಲ್ಲ. ಅವನು ಒಂದು ಕಾಲೇಜಿನ ಪ್ರಾಣಿಶಾಸ್ತ್ರ ಪ್ರಯೋಗಶಾಲೆಯಲ್ಲಿ ಹನ್ನೊಂದು ವರ್ಷಗಳಿಂದ ಹಂಗಾಮಿ ಸಹಾಯಕ. ಕಪ್ಪೆ ಕೊಯ್ಯುವ ದಿನ ಗೋಡೆಯ ಕಡೆ ತಿರುಗಿ ಣಮೋಕಾರ ಮಂತ್ರ ಹೇಳಿಕೊಳ್ಳುವ ಸಹಾಯಕನನ್ನು ಕಾಯಂ ಮಾಡುವುದು ಯಾರಿಗೂ ತುರ್ತೆನಿಸಿರಲಿಲ್ಲ. ಜೇನಿಗೆ ಕೊಯ್ಯುವ ಹಂಗಿಲ್ಲ, ನೋಡಿದರೆ ಸಾಕು ಎಂದು ಅವನು ಅದರ ಅಧ್ಯಯನ ಹಿಡಿದಿದ್ದ. ಜೈನರ ಕಟ್ಟಳೆಯಂತೆ ಜೇನುತುಪ್ಪವನ್ನು ನಾಲಿಗೆಗೆ ತಾಗಿಸದವನು ಜೇನಿನ ಹಿಂದೆ ಓಡುತ್ತಾನೆಂದು ಗಲ್ಲಿ ನಗುತ್ತಿತ್ತು. ಈ ಹೊಸ ಹುಳ ಕಂಡ ಜಾಗಗಳನ್ನೆಲ್ಲ ಅವನು ನಕಾಶೆಯಲ್ಲಿ ಕೆಂಪು ಚುಕ್ಕಿಯಿಟ್ಟು ಗುರುತಿಸಿದ್ದ. ಕುಪವಾಡದ ಕಾರ್ಖಾನೆಗಳ ಎಂಐಡಿಸಿ, ಸಮಡೋಳಿ, ಕಸಬೆ ಡಿಗ್ರಜ, ಮಿರಜ. ಎಲ್ಲಿಂದ ಹೊರಟಿತು ಎಂಬುದೊಂದೇ ತಿಳಿದಿರಲಿಲ್ಲ.

ಅದು ತಿಳಿಯಬೇಕಾಗಿದ್ದುದು ಇಂದೇ. ಪುಣೆಯ ಸಂಶೋಧಕಿ ಡಾ. ಮೃಣ್ಮಯಿ ಸಂಜೆ ಐದಕ್ಕೆ ಬರುವವರಿದ್ದರು. 'ಮೂಲ ಸಿಕ್ಕರೆ ನಮ್ಮ ಯೋಜನೆಯಲ್ಲಿ ಮೂರು ವರ್ಷಕ್ಕೆ ನಿಮಗೊಂದು ಜಾಗವಿದೆ' ಎಂದು ಅವರು ಬರೆದಿದ್ದ ಕಾಗದ ಪಾರಿಸನ ಅಂಗಿಯ ಕಿಸೆಯಲ್ಲಿ ಎಂಟು ದಿನದಿಂದ ಬೆವರುತ್ತಿತ್ತು.

ಬಶಿಯ ಹುಳ ರೆಕ್ಕೆ ಕೊಡವಿ ಹೆಂಚಿನ ಮೇಲಿಂದ ಹಿತ್ತಲ ಕಡೆಗೆ ಹಾರಿಹೋಯಿತು. ಪಾರಿಸ ಅದನ್ನು ನೋಡಲಿಲ್ಲ. ನಕಾಶೆ ಮಡಚುತ್ತಿದ್ದ.

*

ಕುಪವಾಡದಲ್ಲಿ ಪೆಪರಮಿಂಟು ಕಾರ್ಖಾನೆಯ ಪಕ್ಕ ಪಾಯಪ್ಪನ ಚಹದಂಗಡಿ. ಸಕ್ಕರೆ ಡಬ್ಬಿಯ ಸುತ್ತ ಗಿರಾಕಿಗಳಿಗಿಂತ ಹುಳಗಳೇ ಹೆಚ್ಚು. ಪಾರಿಸ ಮೂವತ್ತು ಹುಳಗಳನ್ನು ತೂತಿನ ಡಬ್ಬಿಯಲ್ಲಿ ಹಿಡಿದು, ಮೇಲೆ ಹಿಟ್ಟು ಬೆರೆಸಿದ ಕುಂಕುಮ ಉದುರಿಸಿದ. ಹೊಟ್ಟೆ ತುಂಬಿದ ಜೇನು ನೆಟ್ಟಗೆ ಗೂಡಿಗೇ ಹಾರುತ್ತದೆ. ಒಂದೊಂದನ್ನೇ ಬಿಟ್ಟು, ಹೋದ ದಿಕ್ಕಿಗೆ ಹೋಗುವುದು, ಅಲ್ಲಿ ಮತ್ತೊಂದನ್ನು ಬಿಡುವುದು. ಕೆಲಸ ಇಷ್ಟೇ. ಕಷ್ಟವೆಂದರೆ ಅವನ ಲೂನಾ ಮೊಪೆಡ್ಡಿನ ಹಿಂದೆ ತಮ್ಮಣ್ಣನೂ ಹತ್ತಿದ್ದ.

"ನೀ ರಸ್ತಾ ನೋಡೋ, ನಾ ಆಕಾಶ ನೋಡ್ತೀನಿ. ಆಕಾಶದ ಧಂದೆ ನಂದು."

ಮೊದಲ ಹುಳ ದಕ್ಷಿಣಕ್ಕೆ ಹಾರಿತು. ಎರಡನೆಯದೂ ದಕ್ಷಿಣಕ್ಕೆ. ಮೂರನೆಯದನ್ನು ಬಿಟ್ಟಲ್ಲಿ ಹೌಸಾಬಾಯಿ ಎಂಬ ಮುದುಕಿ ನಿಂತಿದ್ದಳು. ಕುಂಕುಮ ಹಚ್ಚಿಕೊಂಡ ಹುಳ ಕಂಡು ಕೈಮುಗಿದು, "ದೇವಿ ಹುಳಾ ಏನ್ರಿ?" ಎಂದಳು.

"ಅಲ್ಲಬೇ, ಪರದೇಶಿ ಹುಳಾ," ಎಂದ ಪಾರಿಸ.

"ಅಯ್ಯ, ಪಾಪ!" ಎಂದಳು ಮುದುಕಿ. ಅದು ಯಾತಕ್ಕೆ ಪಾಪವೆಂದು ಪಾರಿಸನಿಗೆ ಆಗ ಹೊಳೆಯಲಿಲ್ಲ.

ಕಬ್ಬಿನ ಹಾಲಿನ ಅಂಗಡಿಯ ಮುಂದೆ ಲೂನಾ ಕುಣಿಗೆ ಇಳಿಯಿತು. ಡಬ್ಬಿಯ ಮುಚ್ಚಳ ಹಾರಿ, ಉಳಿದ ಹುಳಗಳೆಲ್ಲ ಒಮ್ಮೆಗೇ ಹೊರಬಿದ್ದವು. ಗಿರಾಕಿಗಳು ಗ್ಲಾಸು ಹಿಡಿದುಕೊಂಡೇ ಓಡಿದರು. ಗಾಣದ ಗೆಜ್ಜೆ ಮಾತ್ರ ಏನೂ ಆಗಿಲ್ಲವೆಂಬಂತೆ ಝಲ್ ಝಲ್ ಎನ್ನುತ್ತಿತ್ತು. ಒಂದು ಹುಳ ತಮ್ಮಣ್ಣನ ಮೂಗಿನ ತುದಿಗೆ ಕುಟುಕಿತು. ಎರಡು ನಿಮಿಷದಲ್ಲಿ ಮೂಗು ಪಾಕದಲ್ಲಿ ನೆನೆದ ಗುಲಾಬ ಜಾಮೂನಿನಷ್ಟಾಯಿತು.

"ಕಡೀಲಿ ಬಿಡು! ಆದ್ರ ನೋಡಲ್ಲಿ, ಎಲ್ಲಾ ನಮ್ಮ ಗಲ್ಲಿ ಕಡೇನ ಹೊಂಟಾವ!" ಎಂದು ಅವನು ಮೂಗಿನಿಂದಲೇ ಕೂಗಿದ.

ನಿಜ. ಕೆಂಪು ಚುಕ್ಕಿಗಳ ಸಾಲು ಗಲ್ಲಿಯೊಳಗೆ ತಿರುಗಿ, ಪಾರಿಸನ ಮನೆಯ ಹೆಂಚು ದಾಟಿ, ಹಿತ್ತಲಿಗೆ ಇಳಿಯಿತು. ಮನೆಯೊಳಗೇ ಸಂಡಾಸ ಕಟ್ಟಿಸಿದ ಮೇಲೆ ಪಾರಿಸ ಹಿತ್ತಲಿಗೆ ಕಾಲಿಟ್ಟಿರಲಿಲ್ಲ. ಈಗ ಇಟ್ಟ. ಹಿತ್ತಲ ಮಣ್ಣಿನ ಗೋಡೆಯ ಬಿರುಕಿನಲ್ಲಿ ಕುಂಕುಮದ ಹುಳಗಳು ಒಂದೊಂದಾಗಿ ಒಳಗೆ ಹೋಗುತ್ತಿದ್ದವು. ಕೆಳಗೆ ಒಂದು ತಾಟು, ಅದರಲ್ಲಿ ಸಕ್ಕರೆ ನೀರು. ಹುಳ ಮುಳುಗಬಾರದೆಂದು ನೀರಿನ ಮೇಲೆ ನಾಲ್ಕು ಜೋಳದ ದಂಟಿನ ಚೂರು ತೇಲುತ್ತಿದ್ದವು.

"ಅವ್ವಾ!"

ಚಂದ್ರಾಬಾಯಿ ಬಿಳಿ ಸೀರೆಯ ಸೆರಗು ಹೊದ್ದು ಬಸದಿಗೆ ಹೊರಟಿದ್ದಳು. ಬಂದು ನಿಂತಳು.

"ಇವಕ್ಕ ಸಕ್ರಿ ನೀರು ಇಟ್ಟಾಕಿ ನೀನ?"

"ಹೂಂ. ಎರಡು ವರ್ಷಾತು. ಸೂರ್ಯಕಾಂತಿ ಹೊಲಕ್ಕ ಪೆಟ್ಟಿಗಿ ಒಯ್ಯೋ ಲಾರಿ ಆ ರಸ್ತಾದಾಗ ಕೆಟ್ಟು ನಿಂತಿತ್ತಲ್ಲ, ಅವತ್ತು ಬಂದು ಕುಂತ್ವು. ಊರಾಗ ಇಂಥಾ ಹುಳಾ ನೋಡಿ ಬಂದು ನೀನ ಅಂದೀಪಾ, ಅವ್ವಾ, ಅವು ಪರದೇಶಿ ಅದಾವ ಅಂತ. ಪರದೇಶಿ ಜೀವಕ್ಕ ಒಂದು ಹನಿ ನೀರು ಇಡದಿದ್ರ ಹೆಂಗ?"

ಪಾರಿಸ ಅಲ್ಲೇ ಕೂತ. ಅವರ ಮನೆಯಲ್ಲಿ ಒಂದೇ ಮಾತು ಮರಾಠಿಯಲ್ಲಿ ಹೊರಟು ಕನ್ನಡದಲ್ಲಿ ಬಂದಿಳಿಯುತ್ತಿತ್ತು. ಅವನು ಅಂದದ್ದು ಮರಾಠಿಯ ಪರದೇಶಿ, ಹೊರದೇಶದ್ದು ಎಂದು. ತಾಯಿ ಕೇಳಿಸಿಕೊಂಡದ್ದು ಕನ್ನಡದ ಪರದೇಶಿ, ದಿಕ್ಕಿಲ್ಲದ್ದು ಎಂದು.

"ಹೊರಗ ಹಾರಿ ಹೋಗಿದ್ವೇನು, ಹಿಂಡು ಹಿಂಡಾಗಿ?"

"ನಾಲ್ಕು ಸಲ ಹೋದ್ವು. ಹೆಣ್ಣುಮಕ್ಕಳು ಗಂಡನ ಮನಿಗೆ ಹೋದಂಗ. ನಾ ಅರಿಷಿಣ ಕುಂಕುಮ ಹಾರಿಸಿ ಕಳಿಸಿದೆ." ಅವಳು ಗೋಡೆಯನ್ನು ಮುಟ್ಟಿದಳು. "ಮೊದಲ ಇಲ್ಲಿ ನಮ್ಮ ಸಣ್ಣ ಜೇನ ಇದ್ವಲ್ಲ, ಅವು ರೋಗ ಬಂದು ಸತ್ತ ಮ್ಯಾಲ ಈ ಗ್ವಾಡಿ ಮಾತಽ ಬಿಟ್ಟಿತ್ತು. ಇವು ಬಂದ ಮ್ಯಾಲ ಮತ್ತ ಮಾತಾಡಾಕತ್ತು."

ಸಣ್ಣ ಜೇನು ಸತ್ತಾಗ ಪಾರಿಸ ಒಂದು ಟಿಪ್ಪಣಿ ಬರೆದಿಟ್ಟಿದ್ದ. ಗೋಡೆ ಸುಮ್ಮನಾದದ್ದನ್ನು ಅದರಲ್ಲಿ ಬರೆದಿರಲಿಲ್ಲ.

*

ಚಂದ್ರಾಬಾಯಿ ಬಸದಿಗೆ ಹೋದಳು. ತಮ್ಮಣ್ಣ ಮೂಗಿಗೆ ಸುಣ್ಣ ಹಚ್ಚಿಕೊಂಡು ಸಲಹೆಗೆ ಕೂತ.

"ನಕಾಶೆದಾಗ ನಾಲ್ಕು ಊರು, ಗ್ವಾಡಿದಾಗ ನಾಲ್ಕು ಹಿಂಡು. ಲೆಕ್ಕಾ ಸರಿ ಕೂಡ್ತು. ಮೂಲ ಯಾವುದಪಾ ಅಂದ್ರ ನಿಮ್ಮವ್ವ! ಆ ಪುಣೆ ಬಾಯಿ ಕೇಳಿದ್ರ ಏನಂತಿ? ನಿನಗ ನೌಕರಿ ಹೋಗ್ಲಿ, ಪರದೇಶಿ ಹುಳಾ ಸಾಕಿ ಊರಿಗೆಲ್ಲಾ ಹಬ್ಬಿಸಿದಳು ಅಂತ ಬಸದಿಗೆ ಹೋಗೋ ಮುದುಕಿ ಕಚೇರಿ ಅಡ್ಡಾಡಬೇಕಾಗ್ತದ."

"ಮತ್ತ?"

"ಹೊಗಿ ಹಾಕು. ಸಾಯೂದಿಲ್ಲ, ಹಾರಿ ಹೋಗ್ತಾವ. ನಿಂಗೂ ಪಾಪ ಇಲ್ಲ, ಅವಕ್ಕೂ ತ್ರಾಸ ಇಲ್ಲ."

ಪಾರಿಸ ಹಸಿ ಬೇವಿನ ಎಲೆ ತಂದ, ಎರಡು ಒಣಮೆಣಸಿನಕಾಯಿ ಹಾಕಿ ಬಿರುಕಿನ ಕೆಳಗೆ ಹೊತ್ತಿಸಿದ. ತಮ್ಮಣ್ಣ ಕೆಮ್ಮುತ್ತ ತನ್ನ ಮನೆಗೆ ಓಡಿದ. ಗೋಡೆಯ ಗುಂಯ್ಗುಟ್ಟುವಿಕೆ ಒಮ್ಮೆ ಏರಿತು. ಆಮೇಲೆ ಬಿರುಕಿನಿಂದ ಹುಳಗಳು ಧಾನ್ಯದ ಚೀಲ ಹರಿದಂತೆ ಸುರಿದು, ಹಿತ್ತಲಿನ ಮೇಲೆ ಹಳದಿ ಮೋಡವಾಗಿ ತಿರುಗಿ, ಹೊಗೆಯ ಆಚೆ ಎಲ್ಲಿಗೋ ಹೋದವು. ಪಾರಿಸನ ಕಣ್ಣಲ್ಲಿ ನೀರು ಸುರಿಯುತ್ತಿತ್ತು. ಮೆಣಸಿನಕಾಯಿಯದೇ ಎಂದುಕೊಂಡ. ಗೋಡೆಗೆ ಕಿವಿ ಹಚ್ಚಿದ. ಏನೂ ಕೇಳಿಸಲಿಲ್ಲ.

ಸರಿಯಾಗಿ ಐದಕ್ಕೆ ಡಾ. ಮೃಣ್ಮಯಿ ರಿಕ್ಷಾದಿಂದ ಇಳಿದರು. ಕಟ್ಟೆಯ ಮೇಲೆ ನಕಾಶೆ ಹರಡಿ ಬಹಳ ಹೊತ್ತು ನೋಡಿ, ಮರಾಠಿಯಲ್ಲಿ ಕೇಳಿದರು: "ಮೂಲ ಸಿಕ್ಕಿತೇ?"

"ಇಲ್ಲ ಬಾಯಿ," ಎಂದ ಪಾರಿಸ, ಅದೇ ಭಾಷೆಯಲ್ಲಿ. "ಸಿಗಲಿಲ್ಲ."

"ಛೆ. ಪೆಟ್ಟಿಗೆಯಿಲ್ಲದೆ ಈ ಹುಳ ನಮ್ಮ ಬಿಸಿಲಲ್ಲಿ ಬಾಳುವುದೇ ಇಲ್ಲವೆಂದು ಎಲ್ಲರೂ ಬರೆದಿದ್ದಾರೆ. ಬಾಳಿದ ಒಂದೇ ಒಂದು ಹಿಂಡು ಸಿಕ್ಕರೂ ಅದನ್ನು ಮುಟ್ಟದೆ ಕಾಯಬೇಕೆಂದಿದ್ದೆವು. ಅದರ ಪಕ್ಕದಲ್ಲೇ ಇರುವವರನ್ನು ದಿನವೂ ಬರೆದಿಡಲು ನೇಮಿಸುವುದಿತ್ತು. ನಿಮ್ಮ ಮನೆಯಲ್ಲೇ ಇದ್ದಿದ್ದರೆ ಇನ್ನೂ ಚೆನ್ನಾಗಿತ್ತು."

ಹಿತ್ತಲಿನಿಂದ ಹೊಗೆಯ ವಾಸನೆ ಬಂತು. ಪಾರಿಸ ನಕಾಶೆ ಮಡಚತೊಡಗಿದ.

ಅಷ್ಟರಲ್ಲಿ ಗಲ್ಲಿಯ ಮನೆಮನೆಯಿಂದ ಜನ ಹೊರಗೆ ಬಂದರು. "ತಮ್ಮಣ್ಣಾ, ಟಿ.ವಿ. ಹೋತಲ್ಲೋ! ಮ್ಯಾಚಿನ ಕಡೀ ಓವರ್!" ತಮ್ಮಣ್ಣ ಮಾಳಿಗೆ ಹತ್ತಿದವನು ಅಲ್ಲಿಂದಲೇ ಕಿರುಚಿದ: "ಅಯ್ಯಯ್ಯೋ! ಛತ್ರಿ ತುಂಬ ಹುಳಾ!"

ಡಾ. ಮೃಣ್ಮಯಿ ಎರಡೆರಡು ಮೆಟ್ಟಿಲು ಹಾರಿ ಮೇಲೆ ಹೋದರು. ಪಾರಿಸ ಹಿಂದೆ ಹೋದ. ಛತ್ರಿಯ ನಡುವಿನ ಕಂಬಿಯಿಂದ ಒಂದು ಗಡಿಗೆಯಷ್ಟು ಹಿಂಡು ಜೋತುಬಿದ್ದಿತ್ತು, ಅಲ್ಲಲ್ಲಿ ಕುಂಕುಮ ಹಚ್ಚಿಕೊಂಡು. ತಮ್ಮಣ್ಣನ ಕೈಯಲ್ಲಿ ಉರಿಯುವ ಚಿಂದಿಯಿತ್ತು.

"ಸುಡಬೇಡಿ!" ಎಂದರು ಅವರು. "ಇದು ನಿಮ್ಮದೇ? ಎಷ್ಟು ದಿನದಿಂದ ಇದೆ?"

ತಮ್ಮಣ್ಣ ಅವರ ಹೊಳೆಯುವ ಕಣ್ಣು ನೋಡಿದ. ಕೆಳಗೆ ನೇಮಕದ ಮಾತು ನಡೆದಾಗ ತನ್ನ ಮನೆಯ ಬಾಗಿಲಿನಿಂದ ಕಿವಿಗೊಟ್ಟವನೇ ಅವನು. ಚಿಂದಿಯನ್ನು ಕಾಲಲ್ಲಿ ಹೊಸಕಿ, ಕನ್ನಡ ಬೆರೆಸಿದ ಮರಾಠಿಯಲ್ಲಿ ಹೇಳಿದ.

"ಎರಡು ವರ್ಷಾತ್ರಿ ಬಾಯಿ. ನಮ್ಮ ನೀರಿನ ಟಾಕಿ ಕೆಳಗ ಇರ್ತಾವ. ಗಾಳಿಗೆ ಅಂತ ಸಂಜಿಕ ಹೊರಗ ಬರ್ತಾವ. ನಾಲ್ಕು ಹಿಂಡು ಹೊರಗೂ ಹೋದ್ವು. ನೋಡ್ರಿ, ಮೂಗಿನ ಮ್ಯಾಲ ಗುರುತದ. ನಾ ಅವಕ್ಕ ಸಕ್ರಿ ನೀರು ಇಡ್ತೀನಿ, ಪಾಪ, ಪರದೇಶಿ."

ಅವರು ಪಾರಿಸನ ಕಡೆ ತಿರುಗಿದರು. "ಪಕ್ಕದಲ್ಲೇ ಇದ್ದೂ ನಿಮಗೆ ಗೊತ್ತಿರಲಿಲ್ಲವೇ?"

ನಿಜ ಹೇಳಬೇಕೆಂದರೆ ಹೊಗೆಯಿಂದಲೇ ಶುರುಮಾಡಬೇಕಿತ್ತು. ಪಾರಿಸ ತನ್ನ ಚಪ್ಪಲಿ ನೋಡಿದ.

"ಇಲ್ಲ ಬಾಯಿ."

ಅಲ್ಲೇ ಛತ್ರಿಯ ನೆರಳಲ್ಲಿ ತಮ್ಮಣ್ಣನ ನೇಮಕವಾಯಿತು. ಪದವಿ ಬೇಕಿಲ್ಲ, ಕಾಳಜಿ ಇದ್ದರೆ ಸಾಕು ಎಂದರು. ಪುಣೆಯಿಂದ ಪೆಟ್ಟಿಗೆ ಬರುತ್ತದೆ, ಹಿಂಡು ಅದೇ ಮಾಳಿಗೆಯ ಮೇಲಿರಲಿ ಎಂದರು. ಹಿಂಡನ್ನು ಬುಟ್ಟಿಗೆ ಇಳಿಸಿದ ಮೇಲೆ ಛತ್ರಿಯನ್ನು ಬೇರೆಡೆಗೆ ಸರಿಸಲು ಪಾರಿಸನೇ ಅದರ ಒಂದು ಕಾಲು ಹಿಡಿದ.

ಸೂರ್ಯ ಮುಳುಗುವ ಹೊತ್ತಿಗೆ ಚಂದ್ರಾಬಾಯಿ ಬಸದಿಯಿಂದ ಬಂದಳು. ಹಿತ್ತಲಿಗೆ ಹೋದಳು. ಗೋಡೆಯ ಮೇಲೆ ಮಸಿ, ಬಿರುಕಿನಲ್ಲಿ ಏನೂ ಇಲ್ಲ. ಅವಳು ತಾಟು ತೊಳೆದು, ಹೊಸ ಸಕ್ಕರೆ ನೀರು ಹಾಕಿ, ದಂಟಿನ ಚೂರು ತೇಲಿಬಿಟ್ಟು, ಸೆರಗಿನಲ್ಲಿ ಮುಚ್ಚಿಕೊಂಡು ತಮ್ಮಣ್ಣನ ಮೆಟ್ಟಿಲು ಹತ್ತಿದಳು. ಪಾರಿಸ ಹಿತ್ತಲ ಗೋಡೆಗೆ ಒರಗಿ ಕೂತ. ಹೊತ್ತು ಮುಳುಗಿತು. ಹೊತ್ತು ಮುಳುಗಿದ ಮೇಲೆ ಉಣ್ಣದ ಜೈನರ ಮನೆ, ಅವನ ಸಂಜೆಯ ಊಟವೂ ತಪ್ಪಿತು.

ಮಾಳಿಗೆಯ ಮೇಲಿಂದ ತಮ್ಮಣ್ಣನ ದನಿ ಕೇಳಿಸಿತು.

"ವೈನಿ, ನಿಮ್ಮ ಮಗ ಯಾಕ್ರಿ ಹಂಗ ಕುಂತಾನ, ಗ್ವಾಡಿಗೆ ಕಿವಿ ಹಚ್ಚಿ?"

"ಇರ್ಲಿ ಬಿಡ್ರಿ," ಎಂದಳು ತಾಯಿ. "ಪಾಪ, ಪರದೇಶಿ."

ಅದು ಯಾವ ಭಾಷೆಯ ಪರದೇಶಿ ಎಂದು ಕೇಳುವ ಧೈರ್ಯ ಪಾರಿಸನಿಗಾಗಲಿಲ್ಲ.