ಅಕ್ಕನ ಆದೇಶಕ್ಕೆ ಹಾಕಿದ ಗಂಜಿ

ಒಂದೇ ಒಂದು ಕಾಗದವನ್ನು ಜೋಪಾನ ಮಾಡು ಎಂದು ಅಕ್ಕ ಕೊಟ್ಟಿದ್ದಳು. ನನ್ನಿಂದ ಅದೂ ಆಗಲಿಲ್ಲ.

ಅದು ಅಂತಿಂಥ ಕಾಗದವಲ್ಲ. ಅಕ್ಕನನ್ನು ಶಾಲೆಯ ಮುಖ್ಯೋಪಾಧ್ಯಾಯಿನಿಯಾಗಿ ನೇಮಿಸಿದ ಆದೇಶದ ಅಸಲು. ಅಧಿಕಾರ ವಹಿಸಿಕೊಂಡ ದಿನ ಅವಳು ನಾನು ನೇಯ್ದ ಸೀರೆಯುಟ್ಟು ಕುರ್ಚಿಯಲ್ಲಿ ಕುಳಿತಿದ್ದಳು. ನಾಲ್ಕನೇ ಇಯತ್ತೆಗೇ ಶಾಲೆ ಬಿಟ್ಟು ಬನಹಟ್ಟಿಯಲ್ಲಿ ಮಗ್ಗಕ್ಕೆ ಕುಳಿತವನು ನಾನು. ಹೆಡ್‌ಮಾಸ್ತರರ ಕೋಣೆಯಲ್ಲಿ ಪೆಟ್ಟು ತಿನ್ನದೆ ಚಹಾ ಕುಡಿದದ್ದು ಅದೇ ಮೊದಲು! ಶಾಲೆ ಬಿಟ್ಟ ಮೇಲೂ ಅಕ್ಕ ನನ್ನನ್ನು ಬಿಟ್ಟಿರಲಿಲ್ಲ. ಸಂಜೆ ಮಗ್ಗದ ಪಕ್ಕ ಕುಳಿತು, ಲಾಳಿಯ ಸದ್ದಿನ ನಡುವೆಯೇ ಮಗ್ಗಿ ಹೇಳಿಸುತ್ತಿದ್ದಳು. ಹದಿಮೂರರ ಮಗ್ಗಿ ಇಂದಿಗೂ ಬಂದಿಲ್ಲ. ಅದು ಅವಳ ತಪ್ಪಲ್ಲ.

ನಿವೃತ್ತಿಯಾದ ಮೇಲೆ ತಕರಾರು ಎದ್ದಿತು. ಅವಳು ಮುಖ್ಯೋಪಾಧ್ಯಾಯಿನಿಯಾಗಿ ದುಡಿದ ವರ್ಷಗಳನ್ನು ಇಲಾಖೆಯವರು ಪಿಂಚಣಿಗೆ ಹಿಡಿಯಲಿಲ್ಲ. ಅಕ್ಕ ಕೋರ್ಟಿಗೆ ಹೋದಳು. ಆದೇಶದ ಝೆರಾಕ್ಸ್ ನಡೆಯುವುದಿಲ್ಲ, ಅಸಲೇ ಬೇಕೆಂದರು ಅಲ್ಲಿ. ಅವಳ ಮನೆಗೆ ಸುಣ್ಣ ಬಳಿಯುತ್ತಿದ್ದುದರಿಂದ ಅಸಲು ನನ್ನ ಕೈಗೆ ಬಂತು.

"ತಮ್ಮಾ, ಮಡಿಕಿ ಹರ್ಯಾಕತ್ತೈತಿ. ಹಗೂರಕ ಇಡು."

"ನೀ ಚಿಂತಿ ಬಿಡು ಅಕ್ಕಾ!"

ಹರಿಯುತ್ತಿರುವ ಮಡಿಕೆ ಕಂಡು ನನ್ನೊಳಗಿನ ನೇಕಾರ ಎದ್ದು ನಿಂತ. ನೂಲು ಹರಿಯದಿರಲು ಏನು ಮಾಡುತ್ತೇವೆ? ಗಂಜಿ ಹಾಕುತ್ತೇವೆ! ನನ್ನ ನಲವತ್ತು ವರ್ಷಗಳ ಅನುಭವವನ್ನು ನ್ಯಾಯದಾನಕ್ಕೆ ಧಾರೆಯೆರೆದೆ.

ಆದೇಶ ಗಂಜಿಯಲ್ಲಿ ಮುಳುಗಿತು. ಮಸಿ ತೇಲಿತು. ದುಂಡನೆಯ ಸರ್ಕಾರಿ ಮುದ್ರೆ ನೀಲಿ ಮೋಡವಾಯಿತು. ಗಾಬರಿಯಿಂದ ಬಿಸಿಲಿಗೆ ಹಾಕಿದೆ, ಹಪ್ಪಳವಾಯಿತು. ಮಡಚಲು ಹೋದೆ, ನಾಲ್ಕು ತುಂಡಾಯಿತು!

"ಏನ್ರಿ ಅದು, ಸಂಡಿಗಿ ಏನು?" ಎಂದಳು ಹೆಂಡತಿ.

"ಅಕ್ಕನ ಆರ್ಡರು."

"ಅಯ್ಯ ಶಿವನ! ಅಕ್ಕನ ಮುಂದ ಏನ್ ಹೇಳ್ತೀರಿ ಈಗ?"

"ಇಲಿ ತಿಂದಾವಂತ."

ಹಾಗೆಯೇ ಹೇಳಿದೆ. ಅಕ್ಕ ನಕ್ಕಳು. "ಹೋಗಲಿ ಬಿಡೋ. ಇಲಿಗೇನ್ ಗೊತ್ತು ನನ್ನ ಕೇಸು." ಬೈದಿದ್ದರೆ ಅಂದು ನನಗೆ ರೊಟ್ಟಿಯಾದರೂ ಸೇರುತ್ತಿತ್ತು.

ವಾರದ ನಂತರ ಇಬ್ಬರೂ ಜಮಖಂಡಿಯ ವಕೀಲರ ಮುಂದೆ ಕುಳಿತೆವು. ಅವರು ಒಂದು ಹಾಳೆ ಚಾಚಿದರು.

"ಬಾಯಾರ, ಅಸಲು ಇಲಿ ತಿಂದಾವಂತ ಪ್ರಮಾಣಪತ್ರ ಬರದೇನಿ. ಸಹಿ ಮಾಡ್ರಿ. ಖರೆ ಐತೆಲ್ಲ? ಸುಳ್ಳಂತ ಗೊತ್ತಾದ್ರ ಕೇಸು ನಿಮ್ಮ ಮ್ಯಾಲೇ ತಿರಗತೈತಿ ನೋಡ್ರಿ."

"ನನ್ನ ತಮ್ಮ ಸುಳ್ಳ ಹೇಳಂಗಿಲ್ರಿ," ಎಂದು ಅಕ್ಕ ಕನ್ನಡಕ ಏರಿಸಿಕೊಂಡಳು.

ಸೇವೆಯುದ್ದಕ್ಕೂ ಒಂದು ಮಗುವಿನ ಹಾಜರಿಯನ್ನೂ ಸುಳ್ಳು ಬರೆಯದ ಕೈ ಅದು. ಪೆನ್ನು ಹಾಳೆಗೆ ತಾಗುವಷ್ಟರಲ್ಲಿ ನಾನು ದಡಕ್ಕನೆ ಎದ್ದೆ. ಕುರ್ಚಿ ಹಿಂದಕ್ಕೆ ಬಿತ್ತು.

"ಸಹಿ ಮಾಡಬ್ಯಾಡ ಅಕ್ಕಾ! ಇಲಿ ಪಾಪ, ನಮ್ಮ ಮನ್ಯಾಗ ಇಲ್ಲೇ ಇಲ್ಲ. ನಾನ ಗಂಜಿ ಹಚ್ಚಿ ಹಾಳ ಮಾಡೇನಿ. ಮ್ಯಾಲ ಸುಳ್ಳ ಬ್ಯಾರೆ ಹೇಳೇನಿ. ತಪ್ಪಾತಬೇ ಅಕ್ಕಾ, ನಂದ ತಪ್ಪಾತು."